ಗುಡಿಗೊಂದು ಬಸ್ಸು, ಹೊಳೆಗೊಂದು ಬಸ್ಸು

ದಸರಾ ಹೊತ್ತಿಗೆ ಮೈಸೂರಿನಿಂದ ಕೆಎಸ್‌ಆರ್‌ಟಿಸಿ ಓಡಿಸುತ್ತ ಬಂದಿರುವ ಒಂದು ದಿನದ ಪ್ರವಾಸಗಳಿಗೆ ಮೂರು ಚೆಂದದ ಹೆಸರುಗಳಿವೆ: ಗಿರಿದರ್ಶಿನಿ, ಜಲದರ್ಶಿನಿ, ದೇವದರ್ಶಿನಿ. ಬೆಟ್ಟ ನೋಡುವವರಿಗೆ ಒಂದು ಬಸ್ಸು, ನೀರು ನೋಡುವವರಿಗೆ ಒಂದು, ದೇವರ ದರ್ಶನಕ್ಕೆ ಹೊರಟವರಿಗೆ ಇನ್ನೊಂದು. ದೇವದರ್ಶಿನಿಯ ದಾರಿಯಲ್ಲಿ ನಂಜನಗೂಡು, ಬ್ಲಫ್ (ಶಿವನಸಮುದ್ರ), ಮುಡುಕುತೊರೆ, ತಲಕಾಡು, ಸೋಮನಾಥಪುರ, ಶ್ರೀರಂಗಪಟ್ಟಣಗಳು ಬರುತ್ತವೆ. ಪಟ್ಟಿಯನ್ನು ಇನ್ನೊಮ್ಮೆ ಓದಿದರೆ ಒಂದು ಸಂಗತಿ ಎದ್ದು ಕಾಣುತ್ತದೆ. ಈ ಆರೂ ಎಡೆಗಳು ಕಪಿಲೆಯ (ಕಬಿನಿಯ) ಇಲ್ಲವೇ ಕಾವೇರಿಯ ಮಗ್ಗುಲಲ್ಲೇ ಇವೆ. ಹೊಳೆಯನ್ನು ಬಿಟ್ಟು ಇಲ್ಲಿ ಯಾವ ದೇವರೂ ನೆಲೆಸಿಲ್ಲ, ಯಾವ ರಾಜನೂ ಊರು ಕಟ್ಟಿಲ್ಲ. ಆದರೂ ನಮ್ಮ ಮನಸ್ಸಿನಲ್ಲಿ ಗುಡಿಯ ಪ್ರವಾಸವೇ ಬೇರೆ, ನೀರಿನ ಪ್ರವಾಸವೇ ಬೇರೆ. ಗುಡಿಗೆ ಹೋದಾಗ ಗೈಡ್ ಬೇಕು, ಇತಿಹಾಸ ಬೇಕು, ಚಪ್ಪಲಿ ಬಿಡುವ ಜಾಗ ಬೇಕು. ಹೊಳೆಗೆ ಇಳಿಯುವಾಗ ಇದ್ಯಾವುದೂ ಬೇಡ, ಬಟ್ಟೆ ಕಳಚಿದರೆ ಸಾಕು. ಈ ದಾರಿ ಹಾಯುವ ನಂಜನಗೂಡು ಮತ್ತು ತಿರುಮಕೂಡಲು ನರಸೀಪುರ ತಾಲ್ಲೂಕುಗಳ ಒಂದು ದಿನದ ಪ್ರವಾಸದ ದೊಡ್ಡ ಕೊರತೆ ಈ ಬೇರ್ಪಡಿಕೆಯೇ ಎಂಬುದು ಈ ಲೇಖನದ ವಾದ. ಹೊಳೆಯನ್ನು ಬಿಟ್ಟು ಕಲ್ಲನ್ನು ತೋರಿಸಿದರೆ ಕಲ್ಲು ಅರ್ಥವಾಗುವುದಿಲ್ಲ. ಕಲ್ಲಿಗೆ ಕೊಟ್ಟ ಗಮನವನ್ನು ಹೊಳೆಗೆ ಕೊಡದಿದ್ದರೆ ಜನ ಸಾಯುತ್ತಾರೆ.

ಮೊದಲು ದಿನದ ಲೆಕ್ಕ ನೋಡೋಣ. ಆರೂ ಎಡೆ ಸುತ್ತಿ ಬರಲು ಸುಮಾರು 250 ಕಿ.ಮೀ. ಆಗುತ್ತದೆ. ಈ ರಸ್ತೆಗಳಲ್ಲಿ ಗಂಟೆಗೆ 40 ಕಿ.ಮೀ. ವೇಗ ಹಿಡಿದರೂ ಆರು ತಾಸಿಗಿಂತ ಹೆಚ್ಚು ಹೊತ್ತು ಸೀಟಿನಲ್ಲೇ ಕಳೆಯುತ್ತದೆ. ಬೆಳಗ್ಗೆ ಆರೂವರೆಗೆ ಹೊರಟು ಸಂಜೆ ಆರೂವರೆಗೆ ಮರಳುವ ಹನ್ನೆರಡು ತಾಸಿನಲ್ಲಿ ತಿಂಡಿ, ಊಟ, ಕ್ಯೂ ಕಳೆದರೆ ಒಂದೊಂದು ಎಡೆಗೆ ಮುಕ್ಕಾಲು ತಾಸು ಸಿಕ್ಕರೆ ಹೆಚ್ಚು. ಬೆಂಗಳೂರಿನಿಂದ ಟೆಂಪೊ ಟ್ರಾವೆಲರ್ ಮಾಡಿಕೊಂಡು ಬರುವವರಿಗೆ ಅದೂ ಕಡಿಮೆ. ಹೀಗಾಗಿ ಬಹುತೇಕ ಗುಂಪುಗಳ ದಿನ ಒಂದೇ ಅಚ್ಚಿನಲ್ಲಿ ಸಾಗುತ್ತದೆ. ಬೆಳಗಿನ ಹೊತ್ತು ಗುಡಿಗಳಿಗೆ ಹೋಗುತ್ತದೆ, ಮಧ್ಯಾಹ್ನ ಹೊಟ್ಟೆ ತುಂಬ ಊಟವಾಗುತ್ತದೆ, ಬಿಸಿಲು ನೆತ್ತಿ ಸುಡುವಾಗ ತಲಕಾಡಿನ ಮರಳು ದಾಟಿ ಹೊಳೆಗೆ ಇಳಿಯುತ್ತಾರೆ. ದಣಿದ ಮೈ, ಉಂಡ ಹೊಟ್ಟೆ, ಹೊತ್ತು ಮೀರುತ್ತಿದೆ ಎಂಬ ಅವಸರ, ಜೊತೆಗಾರರ ಹುಮ್ಮಸ್ಸು ಎಲ್ಲ ಸೇರಿ ಗುರುತಿಲ್ಲದ ನೀರಿಗೆ ಕಾಲಿಡುವ ಗಳಿಗೆ ಇದು. ಗೈಡ್‌ನ ಕೆಲಸ ಆ ಹೊತ್ತಿಗೆ ಮುಗಿದಿರುತ್ತದೆ. ಬೇಸಿಗೆ ರಜೆಯಲ್ಲಿ ಈ ಹೊಳೆಗಳಲ್ಲಿ ಮುಳುಗಿದವರ ಸುದ್ದಿ ಓದದ ವರ್ಷ ಮೈಸೂರು ಸೀಮೆಯ ಪತ್ರಿಕೆ ಓದುಗರಿಗೆ ನೆನಪಿರಲಾರದು. ಹೆಚ್ಚಿನವರು ಹರೆಯದವರು, ಹೊರಗಿನಿಂದ ಬಂದವರು. ಒಬ್ಬನನ್ನು ಎಳೆಯಲು ಹೋಗಿ ಇನ್ನೊಬ್ಬ, ಅವನ ಹಿಂದೆ ಮತ್ತೊಬ್ಬ ಎಂದು ಸಾಲಾಗಿ ಹೋದ ಪ್ರಕರಣಗಳೂ ಇವೆ.

ಕಲ್ಲಿನ ಕಡೆಗೆ ಬಂದರೆ, ಸೋಮನಾಥಪುರದ ಕೇಶವ ದೇವಾಲಯವನ್ನು ತೋರಿಸುವ ಕ್ರಮ ನಮ್ಮಲ್ಲಿ ಚೆನ್ನಾಗಿ ಪಳಗಿದೆ. ಹೊಯ್ಸಳ ಮೂರನೆಯ ನರಸಿಂಹನ ದಂಡನಾಯಕ ಸೋಮನಾಥ 1258ರಲ್ಲಿ ಪ್ರತಿಷ್ಠೆ ಮಾಡಿಸಿದ ತ್ರಿಕೂಟಾಚಲ ಇದು. ಕೇಶವ, ಜನಾರ್ದನ, ವೇಣುಗೋಪಾಲರಿಗೆ ಮೂರು ಗರ್ಭಗುಡಿ, ನಕ್ಷತ್ರದ ಮೂಲೆಗಳಂತೆ ಚಾಚಿದ ಜಗತಿ, ಕೆಳಗಿನಿಂದ ಮೇಲಕ್ಕೆ ಆನೆ, ಕುದುರೆ, ಬಳ್ಳಿ, ಪುರಾಣದ ಕಥೆ, ಮಕರ, ಹಂಸಗಳ ಪಟ್ಟಿಕೆ. ಬಳಪದ ಕಲ್ಲು ಗಣಿಯಿಂದ ಬಂದಾಗ ಮೆದು, ಗಾಳಿಗೆ ಬಿದ್ದ ಮೇಲೆ ಗಟ್ಟಿ. ಆದ್ದರಿಂದಲೇ ಬಳೆಯ ಗೀರು, ಉಗುರಿನ ಅಂಚು ಕೂಡ ಅದರಲ್ಲಿ ಮೂಡಿದೆ. ವಿಗ್ರಹಗಳ ಪೀಠದಲ್ಲಿ ಮಲ್ಲಿತಮ್ಮನೆಂಬ ಶಿಲ್ಪಿಯ ಹೆಸರು ಮತ್ತೆ ಮತ್ತೆ ಕಾಣುತ್ತದೆ. ಬೇಲೂರು, ಹಳೇಬೀಡುಗಳ ಜೊತೆಗೆ ಇದು 2023ರ ಸೆಪ್ಟೆಂಬರ್‌ನಲ್ಲಿ ಯುನೆಸ್ಕೊ ವಿಶ್ವಪರಂಪರೆಯ ಪಟ್ಟಿಗೆ ಸೇರಿತು. ಗೈಡ್ ಇದನ್ನೆಲ್ಲ ಹೇಳುತ್ತಾನೆ, ಹೇಳಲೇಬೇಕು. ಆದರೆ ಸೋಮನಾಥ ಕಟ್ಟಿದ್ದು ಗುಡಿಯೊಂದನ್ನೇ ಅಲ್ಲ, ಒಂದು ಅಗ್ರಹಾರವನ್ನು. ನೂರಾರು ಮನೆಗಳ ಅನ್ನಕ್ಕೆ, ನಿತ್ಯಪೂಜೆಯ ನೈವೇದ್ಯಕ್ಕೆ ಆಧಾರವಾಗಿದ್ದದ್ದು ದತ್ತಿ ಬಿಟ್ಟ ನೆಲದ ಬೆಳೆ. ಕಾವೇರಿಯ ಎಡದಂಡೆಯ ಈ ಬಯಲನ್ನೇ ಆರಿಸಿಕೊಂಡದ್ದರ ಹಿಂದೆ ಈ ಲೆಕ್ಕವಿರಬೇಕು. ಊರಿನ ಅಂಚಿನಲ್ಲಿ 1268ರ ಪಂಚಲಿಂಗ ದೇವಾಲಯ ಹಾಳಾಗಿ ನಿಂತಿದೆ, ಅಲಂಕಾರವಿಲ್ಲದ ಗಟ್ಟಿ ಕಲ್ಲಿನ ಕಟ್ಟಡ. ಮುಕ್ಕಾಲು ತಾಸಿನ ಗುಂಪು ಅದರ ಕಡೆ ತಲೆ ಹಾಕುವುದಿಲ್ಲ. ಚೆಲುವಾದ ಒಂದು ಕಟ್ಟಡ ನೋಡಿದ ಖುಷಿ ಸಿಗುತ್ತದೆ. ಒಂದು ಊರು ಯಾಕೆ ಹುಟ್ಟಿತು, ಯಾಕೆ ಸೊರಗಿತು ಎಂಬ ತಿಳಿವು ಸಿಗುವುದಿಲ್ಲ.

ಆ ತಿಳಿವು ಸಿಗಬೇಕಾದರೆ ಹೆಸರುಗಳಿಗೆ ಕಿವಿಗೊಡಬೇಕು. ತಿರುಮಕೂಡಲು ಎಂಬ ಮಾತಿನಲ್ಲೇ ಕೂಡಲು ಇದೆ. ಕೊಡಗಿನಿಂದ ಬಂದ ಕಾವೇರಿಗೆ ವಯನಾಡಿನಿಂದ ಬಂದ ಕಪಿಲೆ ಕೂಡುವ ಎಡೆ. ಕಣ್ಣಿಗೆ ಕಾಣದ ಸ್ಫಟಿಕ ಸರೋವರವನ್ನು ಸೇರಿಸಿ ಭಕ್ತರು ಇದನ್ನು ತ್ರಿವೇಣಿ ಎನ್ನುತ್ತಾರೆ. ಮುಡುಕುತೊರೆಯ ಹೆಸರಿನಲ್ಲಿ ತೊರೆ ಇದೆ. ಹೊಳೆ ಮುಡುಕಿ ತಿರುಗುವ ಜಾಗವೆಂದೇ ಊರಿನವರು ಅದಕ್ಕೆ ಅರ್ಥ ಹೇಳುತ್ತಾರೆ. ನರಸೀಪುರದ ಬಳಿ ಮೈಸೂರು ವಿಶ್ವವಿದ್ಯಾಲಯದ ಎಂ. ಶೇಷಾದ್ರಿ ಅವರು 1950ರ ದಶಕದ ಕೊನೆಯಿಂದ 60ರ ದಶಕದ ನಡುವೆ ಅಗೆದಾಗ ನವಶಿಲಾಯುಗದ ಜನವಸತಿ ಬೆಳಕಿಗೆ ಬಂತು. ಅಗಸ್ತ್ಯೇಶ್ವರನ ಗುಡಿ ಏಳುವ ಸಾವಿರಾರು ವರ್ಷ ಮೊದಲೇ ಈ ಕೂಡಲಿಗೆ ಜನ ಬಂದು ನೆಲೆಸಿದ್ದರು. ಕಪಿಲೆಯ ದಡದ ಗುಂಜಾ ನರಸಿಂಹನ ಕೈಯಲ್ಲಿರುವ ಗುಲಗಂಜಿಯನ್ನು ತೋರಿಸಿ, ಈ ಕ್ಷೇತ್ರ ಕಾಶಿಗಿಂತ ಒಂದು ಗುಲಗಂಜಿ ತೂಕ ಹೆಚ್ಚು ಎನ್ನುವ ನಂಬಿಕೆ ಇಲ್ಲಿನದು. 1989ರಿಂದ ಮೂರು ವರ್ಷಕ್ಕೊಮ್ಮೆ ಎಂಬ ಎಣಿಕೆಯಲ್ಲಿ ಕುಂಭಮೇಳ ನಡೆಯುತ್ತ ಬಂದಿದೆ. ಶಿಲಾಯುಗದವನು, ಹೊಯ್ಸಳರ ದಂಡನಾಯಕ, ಇಂದಿನ ಭಕ್ತ, ಮೂವರೂ ಇಲ್ಲಿಗೆ ಬಂದದ್ದು ನೀರಿಗಾಗಿ. ನಡುವಿನವನದನ್ನು ಮಾತ್ರ ಇತಿಹಾಸವೆಂದು ತೋರಿಸಿ ಉಳಿದಿಬ್ಬರನ್ನು ಬಿಟ್ಟರೆ ಕಥೆ ಕುಂಟುತ್ತದೆ.

ಈ ಮಾತಿಗೆ ತಲಕಾಡಿಗಿಂತ ದೊಡ್ಡ ಸಾಕ್ಷಿ ಬೇಕಿಲ್ಲ. ಗಂಗರು ಶತಮಾನಗಟ್ಟಲೆ ಆಳಿದ ರಾಜಧಾನಿ ಇದು. 11ನೆಯ ಶತಮಾನದ ಆರಂಭದಲ್ಲಿ ಚೋಳರ ಕೈಸೇರಿ ರಾಜರಾಜಪುರವಾಯಿತು. ಹೊಯ್ಸಳ ವಿಷ್ಣುವರ್ಧನ ಅದನ್ನು ಗೆದ್ದು ತಲಕಾಡುಗೊಂಡನೆಂಬ ಬಿರುದು ಧರಿಸಿ 1117ರಲ್ಲಿ ಕೀರ್ತಿನಾರಾಯಣನನ್ನು ಪ್ರತಿಷ್ಠಿಸಿದ. ಈಗ ಅಲ್ಲಿ ಕಾಣುವುದು ಮರಳ ದಿಬ್ಬಗಳ ಸಾಲು. ಪಾತಾಳೇಶ್ವರ, ಮರುಳೇಶ್ವರರ ಗುಡಿಗಳಿಗೆ ಹೋಗಲು ಮೆಟ್ಟಿಲಿಳಿಯಬೇಕು. ಬರಿಗಾಲಿನಲ್ಲಿ ನಡೆದಾಗ ಮೇಲಿನ ಮರಳು ಸುಡುತ್ತದೆ. ಬೆರಳು ಒಳಗೆ ಹೂತರೆ ತಣ್ಣಗೆ ತಾಗುತ್ತದೆ. ಮುಷ್ಟಿ ಹಿಡಿದರೆ ಬೆರಳ ಸಂದಿಯಿಂದ ಜಾರುವ ಆ ಕಣಗಳು ಒಂದು ಕಾಲಕ್ಕೆ ಹೊಳೆಯ ಪಾತ್ರದಲ್ಲಿದ್ದವು. ಮೈಸೂರು ಗೆಜೆಟಿಯರ್ ಬರೆದ ಬಿ.ಎಲ್. ರೈಸ್, ಮರಳ ಗುಡ್ಡಗಳು ಮುಖ್ಯವಾಗಿ ನೈಋತ್ಯ ಮುಂಗಾರಿನ ಗಾಳಿಗೆ ವರ್ಷಕ್ಕೆ 9-10 ಅಡಿಯಂತೆ ಊರಿನ ಮೇಲೆ ಸರಿದು ಬರುತ್ತಿದ್ದವು ಎಂದು ದಾಖಲಿಸಿದ್ದಾರೆ. ವಿದ್ವಾಂಸರು ಕೊಡುವ ಕಾರಣ ಹೀಗಿದೆ. ಹೊಳೆ ಇಲ್ಲಿ ದೊಡ್ಡದಾಗಿ ತಿರುಗುತ್ತದೆ. ವಿಜಯನಗರದ ಕಾಲದಲ್ಲಿ, 14ನೆಯ ಶತಮಾನದಲ್ಲಿ, ಮೇಲ್ಭಾಗದಲ್ಲಿ ಮಾಧವಮಂತ್ರಿ ಕಟ್ಟೆ ಎದ್ದಿತು. ಹರಿವು ಬದಲಾಗಿ ಕೆಳಗಿನ ಪಾತ್ರದ ಮರಳು ಬಯಲಿಗೆ ಬಿತ್ತು. ಒಣಗಿದ ಮರಳನ್ನು ಗಾಳಿ ಹೊತ್ತು ಊರಿನ ಮೇಲೆ ಸುರಿಯಿತು. ಹೊಲಕ್ಕೆ ನೀರುಣಿಸಲು ಕಟ್ಟಿದ ಕಟ್ಟೆಯೇ ಒಂದು ರಾಜಧಾನಿಯನ್ನು ಹೂಳಲು ನೆರವಾಯಿತು ಎಂದರೆ, ತಲಕಾಡಿನ ಪಾಳು ಯುದ್ಧದ ಪಾಳಲ್ಲ, ಹೊಳೆಯ ಪಾಳು. ಹೊಳೆಯ ಮಾತೆತ್ತದ ಗೈಡ್ ಅದನ್ನು ವಿವರಿಸುವುದಾದರೂ ಹೇಗೆ?

ಇಲ್ಲಿ ಒಂದು ಆಕ್ಷೇಪ ಬರುತ್ತದೆ. ಪ್ರವಾಸಿಗೆ ಬೇಕಾದದ್ದು ಕಥೆ, ಭೂವಿಜ್ಞಾನದ ಪಾಠ ಅಲ್ಲ. ಅಲಮೇಲಮ್ಮನ ಶಾಪದ ಕಥೆ ಇರುವಾಗ ಗಾಳಿ, ಕಟ್ಟೆ, ತಿರುವುಗಳ ವಿವರ ಯಾರಿಗೆ ಬೇಕು ಎನ್ನುತ್ತಾರೆ. ಈ ಆಕ್ಷೇಪಕ್ಕೆ ಉತ್ತರ ಆ ಕಥೆಯ ಒಳಗೇ ಇದೆ. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣವನ್ನು ವಶಪಡಿಸಿಕೊಂಡ ಮೇಲೆ, ವಿಜಯನಗರದ ಪ್ರತಿನಿಧಿಯ ಮಡದಿ ಅಲಮೇಲಮ್ಮ ಒಡವೆಗಾಗಿ ಬೆನ್ನಟ್ಟಿದವರಿಗೆ ಮೂರು ಶಾಪ ಕೊಟ್ಟು ಹೊಳೆಗೆ ಹಾರಿದಳೆಂಬುದು ಜನರ ನಂಬಿಕೆ. ತಲಕಾಡು ಮರಳಾಗಬೇಕು, ಎದುರು ದಡದ ಮಾಲಂಗಿ ಮಡುವಾಗಬೇಕು, ಮೈಸೂರು ದೊರೆಗಳಿಗೆ ಮಕ್ಕಳಾಗಬಾರದು ಎಂಬುವೇ ಆ ಮೂರು. ಮೂರನೆಯದನ್ನು ಕೇಳಿ ಎಲ್ಲರೂ ಬೆರಗಾಗುತ್ತಾರೆ. ಮೊದಲೆರಡನ್ನು ಜೋಡಿಸಿ ಯೋಚಿಸುವವರು ಕಡಿಮೆ. ಹೊಳೆ ತಿರುಗುವ ಕಡೆ ಒಳಬದಿಯಲ್ಲಿ ನೀರು ನಿಧಾನವಾಗಿ ಮರಳು ಕೂಡುತ್ತದೆ, ಹೊರಬದಿಯಲ್ಲಿ ಸೆಳವು ಹೆಚ್ಚಿ ದಡವನ್ನೂ ತಳವನ್ನೂ ಕೊರೆಯುತ್ತದೆ. ಒಂದು ದಡದಲ್ಲಿ ಮರಳು, ಎದುರು ದಡದಲ್ಲಿ ಮಡು, ಇದು ತಿರುಗುವ ಹೊಳೆಯ ಸ್ವಭಾವ. ದಡದ ಜನ ತಲೆಮಾರುಗಳಿಂದ ಕಂಡದ್ದನ್ನು ಒಬ್ಬ ಹೆಣ್ಣಿನ ನೋವಿನ ಕಥೆಗೆ ಕಟ್ಟಿ ಉಳಿಸಿಕೊಂಡಿದ್ದಾರೆ. ಶಾಪದ ಕಥೆಯನ್ನು ಅಳಿಸಬೇಕಾಗಿಲ್ಲ, ಪೂರ್ತಿಯಾಗಿ ಹೇಳಬೇಕಾಗಿದೆ. ಮಾಲಂಗಿಯ ಮಡು ಎಂಬ ಮಾತು ಇಂದಿನ ಈಜುಗಾರನಿಗೆ ಕೊಡಬಹುದಾದ ಅತಿ ಹಳೆಯ ಎಚ್ಚರಿಕೆ. ಅದನ್ನು ಹೇಳುತ್ತಲೇ ಗುಂಪನ್ನು ಹೊಳೆಗೆ ಬಿಡುವುದು ಕಥೆಗೂ ಅನ್ಯಾಯ, ಕೇಳಿದವರಿಗೂ ಅನ್ಯಾಯ.

ನಂಜನಗೂಡಿನಲ್ಲಿ ಹಳಬರ ಹೊಳೆಯ ಅರಿವು ಕಲ್ಲಿನಲ್ಲೇ ಕಾಣುತ್ತದೆ. ಶ್ರೀಕಂಠೇಶ್ವರನ ಗುಡಿಯ ಸುಮಾರು 120 ಅಡಿಯ ಗೋಪುರ ಮುಮ್ಮಡಿ ಕೃಷ್ಣರಾಜ ಒಡೆಯರ ರಾಣಿ ದೇವಾಜಮ್ಮಣ್ಣಿಯವರ ಕಾಲದ್ದು, 1845ರದ್ದು. ಈ ದೇವರನ್ನು ಟಿಪ್ಪು ಹಕೀಂ ನಂಜುಂಡನೆಂದು ಕರೆದನೆಂಬ ಮಾತು ಕೇಳದೆ ಯಾವ ಪ್ರವಾಸಿಯೂ ಹೊರಬರುವುದಿಲ್ಲ. ಆದರೆ ಹರಕೆ ಹೊತ್ತವರ ದಿನ ಗೋಪುರದಿಂದ ಶುರುವಾಗುವುದಿಲ್ಲ, ಹೊಳೆಯಿಂದ ಶುರುವಾಗುತ್ತದೆ. ಮುಡಿ ಕೊಟ್ಟು, ಕಪಿಲೆಯಲ್ಲಿ ಮುಳುಗಿ, ಒದ್ದೆಬಟ್ಟೆಯಲ್ಲೇ ಉರುಳುಸೇವೆಗೆ ಬರುವವರ ದಾರಿ ಅದು. ಸ್ನಾನಘಟ್ಟದ ಮೆಟ್ಟಿಲುಗಳು ಹೊಳೆಗೆ ಕೈಹಿಡಿದು ಇಳಿಸುತ್ತವೆ: ಎಲ್ಲಿ ಇಳಿಯಬೇಕು, ಎಲ್ಲಿಯವರೆಗೆ ಹೋಗಬೇಕು, ಎಲ್ಲಿ ನಿಲ್ಲಬೇಕು ಎಂಬುದನ್ನು ಕಲ್ಲೇ ಹೇಳುತ್ತದೆ. ದಡದ ಹದಿನಾರುಕಾಲು ಮಂಟಪ ಊರಿನವರಿಗೆ ನೀರಿನ ಅಳತೆಗೋಲೂ ಹೌದು. ಕಂಬದ ಬುಡ ಮುಟ್ಟಿತು, ಅರ್ಧ ಮುಳುಗಿತು, ಮಂಟಪವೇ ಕಾಣುತ್ತಿಲ್ಲ ಎಂದರೆ ಪ್ರವಾಹ ಎಷ್ಟೆಂದು ಎಲ್ಲರಿಗೂ ತಿಳಿಯುತ್ತದೆ. 1735ರ ದಳವಾಯಿ ಸೇತುವೆಯ ಹೊತ್ತಿನಿಂದ ಇಂದಿನವರೆಗೂ ಈ ಊರು ಹೊಳೆಯೊಡನೆ ಮಾತಾಡುತ್ತಲೇ ಬದುಕಿದೆ. ಗೋಪುರದ ಎತ್ತರ ಹೇಳುವ ಗೈಡ್ ಮಂಟಪದ ಅಳತೆಯನ್ನೂ ಹೇಳಿದರೆ ಪ್ರವಾಸಿಗೆ ಊರಿನ ಕಣ್ಣು ಬರುತ್ತದೆ.

ಹಳಬರ ಅರಿವೊಂದೇ ಇಂದಿಗೆ ಸಾಲದು ಎಂಬುದನ್ನೂ ಒಪ್ಪಬೇಕು. ಇಂದಿನ ಹೊಳೆ ಅವರು ಕಂಡ ಹೊಳೆಯಲ್ಲ. ಕಾವೇರಿಗೆ ಮೇಲೆ ಕೃಷ್ಣರಾಜಸಾಗರ ಇದೆ, ಕಪಿಲೆಗೆ 1974ರಲ್ಲಿ ಪೂರ್ಣಗೊಂಡ ಕಬಿನಿ ಜಲಾಶಯ ಇದೆ. ನರಸೀಪುರದ ಕೂಡಲು ದಾಟಿದ ಮೇಲೆ ತಲಕಾಡಿಗೆ ಬರುವುದು ಈ ಎರಡೂ ಅಣೆಕಟ್ಟೆಗಳಿಂದ ಬಿಟ್ಟ ನೀರು. ತಲಕಾಡಿನಲ್ಲಿ ಸುಡುಬಿಸಿಲಿದ್ದರೂ ವಯನಾಡಿನಲ್ಲೋ ಕೊಡಗಿನಲ್ಲೋ ಮಳೆ ಹೊಡೆದು ಗೇಟು ತೆಗೆದರೆ ಇಲ್ಲಿನ ನೀರು ಏರುತ್ತದೆ. ಆಕಾಶ ನೋಡಿ ಹೊಳೆಯನ್ನು ಅಳೆಯುವ ಹಳೆಯ ಕ್ರಮ ಇಲ್ಲಿ ಕೈಕೊಡುತ್ತದೆ. 2018 ಮತ್ತು 2019ರ ಮಳೆಗಾಲದಲ್ಲಿ ಮಲ್ಲನಮೂಲೆ ಮಠದ ಬಳಿ ಮೈಸೂರು-ನಂಜನಗೂಡು ರಸ್ತೆಯ ಮೇಲೇ ಕಪಿಲೆ ಹರಿದದ್ದನ್ನು ಜಿಲ್ಲೆ ಮರೆತಿಲ್ಲ. ಬೇಸಿಗೆಯ ಅಪಾಯ ಬೇರೆ ಬಗೆಯದು. ಮರಳು ತೆಗೆದ ಗುಂಡಿಗಳು ನೀರಿನಡಿ ಬಾಯ್ದೆರೆದು ಕೂತಿರುತ್ತವೆ. ಮೊಣಕಾಲುದ್ದ ನೀರಿನಲ್ಲಿ ನಡೆಯುತ್ತಿದ್ದವನಿಗೆ ಮುಂದಿನ ಹೆಜ್ಜೆಗೆ ನೆಲವೇ ಸಿಗದು. ಇದರ ಮೇಲೆ ನೀರಿನ ಶುದ್ಧಿಯ ಪ್ರಶ್ನೆ. ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿ 2018ರಲ್ಲಿ ಗುರುತಿಸಿದ ಮಲಿನ ನದಿಭಾಗಗಳಲ್ಲಿ ಕಪಿಲೆಯ ನಂಜನಗೂಡು-ಹೆಜ್ಜಿಗೆ ಭಾಗವೂ ಇತ್ತು. ಊರ ಚರಂಡಿ, ಸೋಪು, ಶಾಂಪೂ ಪೊಟ್ಟಣ, ಮಿಂದು ಬಿಟ್ಟುಹೋದ ಬಟ್ಟೆ ಎಲ್ಲವೂ ಹೊಳೆಯ ಪಾಲು. ಪಾಪ ಕಳೆಯಲೆಂದು ಬಂದವರು ತಮ್ಮ ಕೊಳೆಯನ್ನು ಅಲ್ಲೇ ಬಿಟ್ಟುಹೋಗುವುದು ಯಾವ ಶಾಸ್ತ್ರಕ್ಕೂ ಒಪ್ಪುವ ಮಾತಲ್ಲ.

ಪಾಳು ಮತ್ತು ನೀರನ್ನು ಒಂದೇ ದಿನದಲ್ಲಿ ತೋರಿಸುವ ಪ್ರವಾಸ ಜಗತ್ತಿನ ಇನ್ನೊಂದು ಮೂಲೆಯಲ್ಲಿ ದೊಡ್ಡ ಉದ್ಯಮವೇ ಆಗಿದೆ. ಮೆಕ್ಸಿಕೋದ ಯುಕಾಟಾನ್ ಸೀಮೆ ಸುಣ್ಣಕಲ್ಲಿನ ನೆಲ, ಮೇಲೆ ಹರಿಯುವ ಹೊಳೆಗಳಿಲ್ಲ. ನೆಲ ಕುಸಿದು ಅಂತರ್ಜಲ ಬಾಯ್ದೆರೆದ ಕೊಳಗಳೇ ಅಲ್ಲಿ ನೀರಿನ ನೆಲೆ. ಅವಕ್ಕೆ ಸೆನೋಟೆ ಎನ್ನುತ್ತಾರೆ, ಅದು ಮಾಯಾ ಭಾಷೆಯ ಮಾತಿನಿಂದ ಬಂದದ್ದು. ಚಿಚೆನ್ ಇಟ್ಜಾ ಎಂಬ ಪ್ರಾಚೀನ ಮಾಯಾ ನಗರದ ಹೆಸರಿಗೆ ಇಟ್ಜಾ ಜನರ ಬಾವಿಯ ಬಾಯಿ ಎಂದು ಅರ್ಥ. ಅಂದರೆ ಅಲ್ಲಿಯೂ ಊರಿನ ಹೆಸರಿನಲ್ಲೇ ನೀರಿದೆ, ನಮ್ಮ ಕೂಡಲು ಮತ್ತು ತೊರೆಗಳ ಹಾಗೆ. ಕಡಲತೀರದ ಕ್ಯಾನ್ಕುನ್‌ನಿಂದ ಬೆಳಗ್ಗೆ ಹೊರಟ ಪ್ರವಾಸಿಗಳು ಗೈಡ್ ಜೊತೆ ಪಿರಮಿಡ್ ನೋಡಿ, ಮಧ್ಯಾಹ್ನ ಹತ್ತಿರದ ಒಂದು ಸೆನೋಟೆಯಲ್ಲಿ ಈಜಿ, ಸಂಜೆಗೆ ಮರಳುತ್ತಾರೆ. ನಗರದೊಳಗಿನ ಪವಿತ್ರ ಸೆನೋಟೆಗೆ ಯಾರೂ ಇಳಿಯುವಂತಿಲ್ಲ. ಹಿಂದೆ ಅದು ದೇವರಿಗೆ ಕಾಣಿಕೆ ಒಪ್ಪಿಸುತ್ತಿದ್ದ ನೀರು. ಈಜಲು ಬಿಡುವ ಕೊಳವೇ ಬೇರೆ. ಅಲ್ಲಿ ಇಳಿಯುವ ಮುನ್ನ ಮೈ ತೊಳೆದುಕೊಳ್ಳಬೇಕು, ಮೈಗೆ ಬಳಿದ ಎಣ್ಣೆ, ಕ್ರೀಮುಗಳು ನೀರಿಗೆ ಸೇರಬಾರದು. ಎಷ್ಟೋ ಕಡೆ ಲೈಫ್ ಜಾಕೆಟ್ ಕಡ್ಡಾಯ. ಯಾವ ನೀರು ನೋಡಲು, ಯಾವುದು ಇಳಿಯಲು ಎಂಬುದು ದಾರಿ ಹಿಡಿಯುವ ಮೊದಲೇ ಗೊತ್ತಿರುತ್ತದೆ.

ಈ ಹೋಲಿಕೆಗೂ ಒಂದು ಮಿತಿಯಿದೆ. ಸೆನೋಟೆ ನಿಂತ ನೀರು. ಅದಕ್ಕೊಂದು ಅಂಚು, ಒಂದು ಬಾಗಿಲು, ಗೊತ್ತಿರುವ ಆಳ. ಟಿಕೆಟ್ ಹರಿದು ಒಳಬಿಡಬಹುದು, ಹಗ್ಗ ಕಟ್ಟಿ ನಿಲ್ಲಿಸಬಹುದು. ಕಾವೇರಿಗೆ ಬಾಗಿಲಿಲ್ಲ. ಕಳೆದ ಬೇಸಿಗೆಯ ದಿಬ್ಬ ಈ ಬೇಸಿಗೆಗೆ ಮಡುವಾಗಿರಬಹುದು. ಆದ್ದರಿಂದ ಮೆಕ್ಸಿಕೋದ ಏರ್ಪಾಡನ್ನು ಇಲ್ಲಿ ನೆಟ್ಟರೆ ಬೇರು ಬಿಡದು ಎನ್ನುವವರ ಮಾತಿನಲ್ಲಿ ಹುರುಳಿದೆ. ಆದರೆ ಅದರಿಂದ ಹೊರಡುವ ತೀರ್ಮಾನ ಅವರು ಹೇಳುವುದಕ್ಕೆ ಎದುರಾದದ್ದು. ನಿಂತ ನೀರಿಗೇ ಇಷ್ಟು ಜತನ ಬೇಕಾದರೆ ಹರಿವ ನೀರಿಗೆ ಇನ್ನೂ ಹೆಚ್ಚು ಬೇಕು. ಆ ಜತನ ಬೇಲಿ, ಬೋರ್ಡುಗಳಿಂದ ಬರುವಂಥದ್ದಲ್ಲ, ದಿನವೂ ಹೊಳೆಯನ್ನು ಕಾಣುವ ಮನುಷ್ಯರಿಂದ ಬರಬೇಕು. ಅಂಥವರು ನಮ್ಮಲ್ಲಿದ್ದಾರೆ. ತೆಪ್ಪ ನಡೆಸುವ ಅಂಬಿಗರು, ಬಲೆ ಬೀಸುವ ಬೆಸ್ತರು, ದಡದ ಊರುಗಳ ಈಜುಬಲ್ಲವರು. ಯಾರಾದರೂ ಮುಳುಗಿದಾಗ ಹುಡುಕಲು ಮೊದಲು ನೀರಿಗಿಳಿಯುವವರು ಹೆಚ್ಚಾಗಿ ಇವರೇ. ಹೆಣ ತೆಗೆಯಲು ನಾವು ಕರೆಯುವ ಜ್ಞಾನವನ್ನು ಜೀವ ಉಳಿಸಲು ಮೊದಲೇ ಯಾಕೆ ಕರೆಯಬಾರದು?

ಹೊಳೆಗೆ ಇಳಿಯುವುದನ್ನೇ ನಿಷೇಧಿಸಿಬಿಡಿ ಎಂಬುದು ಆಡಳಿತಕ್ಕೆ ಸುಲಭವಾಗಿ ಹೊಳೆಯುವ ದಾರಿ. ಅಪಾಯದ ಜಾಗದಲ್ಲಿ ನಿಷೇಧ ಬೇಕೇ ಬೇಕು. ಮಳೆಗಾಲದಲ್ಲಿ, ಗೇಟು ತೆಗೆದಾಗ ದಡವನ್ನೇ ಮುಚ್ಚಬೇಕು. ಆದರೆ ಎಲ್ಲ ಕಡೆ, ಎಲ್ಲ ದಿನ ಎಂಬ ನಿಷೇಧ ಯಾರನ್ನೂ ತಡೆಯುವುದಿಲ್ಲ. ಎಚ್ಚರಿಕೆಯ ಫಲಕದ ಪಕ್ಕದಲ್ಲೇ ಬಟ್ಟೆ ಒಣಹಾಕಿ ನೀರಿಗಿಳಿಯುವುದು ಎಲ್ಲ ಹೊಳೆದಡಗಳಲ್ಲೂ ಕಾಣುವ ನೋಟ. ನಿಷೇಧ ಬಿಗಿಯಾದರೆ ಜನ ಕಾವಲಿಲ್ಲದ, ಜೊಂಡು ಮರೆಮಾಡಿದ ಇನ್ನೊಂದು ಎಡೆಗೆ ಹೋಗುತ್ತಾರೆ. ಅಲ್ಲಿ ಕೂಗಿದರೂ ಯಾರಿಗೂ ಕೇಳದು. ಇಲ್ಲಿ ಇಳಿಯಬೇಡಿ ಎನ್ನುವುದಕ್ಕೆ ಬೆಲೆ ಬರಬೇಕಾದರೆ, ಅಲ್ಲಿ ಇಳಿಯಿರಿ ಎಂದು ಬೆರಳು ತೋರಿಸಲು ಒಂದು ಜಾಗ ಇರಬೇಕು. ಭಕ್ತಿಯ ಕಡೆಯಿಂದ ಬರುವ ಆಕ್ಷೇಪಕ್ಕೂ ಇದೇ ಉತ್ತರ. ತೀರ್ಥಸ್ನಾನಕ್ಕೆ ಅಡ್ಡಿ ಮಾಡಬಾರದು, ನಿಜ. ಆದರೆ ತೀರ್ಥಕ್ಕೆ ಮೆಟ್ಟಿಲು ಕಟ್ಟಿದವರು ಭಕ್ತಿ ಕಡಿಮೆಯಿದ್ದವರಲ್ಲ. ಹಗ್ಗದ ಸಾಲು, ಆಳದ ಗುರುತು, ಕಾವಲಿಗೆ ಒಂದು ತೆಪ್ಪ, ಹೆಂಗಸರಿಗೆ ಬಟ್ಟೆ ಬದಲಿಸಲು ಮರೆ, ಇವೆಲ್ಲ ಆ ಮೆಟ್ಟಿಲಿನ ಮುಂದುವರಿಕೆ. ಮೂರು ಮುಳುಗು ಹಾಕಲು ಎದೆಮಟ್ಟದ ನೀರು ಸಾಕು, ಮಡು ಬೇಕಿಲ್ಲ.

ಇನ್ನು ಹೊತ್ತಿನ ಪ್ರಶ್ನೆ. ತಲಕಾಡನ್ನು ಅರಿಯಲು ಎರಡು ದಿನವಾದರೂ ಬೇಕು ಎಂದು ಬರೆಯುವುದು ಸುಲಭ. ಭಾನುವಾರವೊಂದೇ ರಜೆ ಇರುವ ಗಾರ್ಮೆಂಟ್ಸ್ ಕೆಲಸದವರು, ಮಕ್ಕಳ ಪರೀಕ್ಷೆ ಮುಗಿದ ಮೇಲೆ ಒಂದು ದಿನ ಬಿಡುವು ಮಾಡಿಕೊಳ್ಳುವ ಮನೆಮಂದಿ, ಬಸ್ಸು ಬಾಡಿಗೆ ಹೊಂದಿಸಲು ಒದ್ದಾಡುವ ಹಳ್ಳಿಯ ಶಾಲೆಗಳು, ಇವರಿಗೆ ಒಂದು ದಿನವೇ ಇರುವುದು. ಒಂದು ದಿನದ ಪ್ರವಾಸವನ್ನು ಹೀಗಳೆಯುವುದು ಅವರನ್ನು ಹೀಗಳೆದಂತೆ. ದಿನವನ್ನು ಹಿಗ್ಗಿಸಲಾಗದಿದ್ದರೆ ದಾರಿಯನ್ನು ಕುಗ್ಗಿಸಬಹುದು. ಆರು ಎಡೆಗಳ ಒಂದು ಸುತ್ತಿನ ಬದಲು ಹೊಳೆ ಹಿಡಿದು ನಡೆಯುವ ಎರಡು ಸುತ್ತು ಮಾಡಬಹುದು. ಕಪಿಲೆಯ ದಿನ ನಂಜನಗೂಡಿನ ಸ್ನಾನಘಟ್ಟ, ಗುಡಿ, ದಳವಾಯಿ ಸೇತುವೆ ನೋಡಿ, ಹೊಳೆಯ ಜೊತೆಜೊತೆಗೇ ಸುತ್ತೂರಿನ ಮೇಲೆ ಇಳಿದು, ನರಸೀಪುರದ ಕೂಡಲಿನಲ್ಲಿ ಮುಗಿಯಲಿ. ಕಾವೇರಿಯ ದಿನ ಸೋಮನಾಥಪುರದಿಂದ ತೊಡಗಿ, ಕೂಡಲು ದಾಟಿ, ಮುಡುಕುತೊರೆಯ ಬೆಟ್ಟ ಹತ್ತಿ ಮೇಲಿನಿಂದ ಹೊಳೆಯ ತಿರುವನ್ನು ಕಣ್ಣಾರೆ ಕಂಡು, ತಲಕಾಡಿನ ಮರಳಿಗೆ ಇಳಿಯಲಿ. ತಿರುವನ್ನು ಮೇಲಿನಿಂದ ನೋಡಿದವನಿಗೆ ಮರಳು ಯಾಕಿದೆ ಎಂದು ಬಿಡಿಸಿ ಹೇಳಬೇಕಾಗುವುದಿಲ್ಲ. ದಾರಿ ಅರ್ಧದಷ್ಟು ಇಳಿದರೆ ಪ್ರತಿ ಎಡೆಯಲ್ಲೂ ನಿಲ್ಲುವ ಹೊತ್ತು ಹೆಚ್ಚುತ್ತದೆ, ಸಂಜೆಯ ಅವಸರ ತಗ್ಗುತ್ತದೆ. ನೀರಾಟವನ್ನು ಊಟಕ್ಕೆ ಮುಂಚೆ ಇಟ್ಟುಕೊಳ್ಳಲೂ ಆಗುತ್ತದೆ.

ಇದಕ್ಕೆಲ್ಲ ದುಡ್ಡು ಎಲ್ಲಿಂದ ಎಂದು ಕೇಳಬಹುದು. ಪ್ರವಾಸಿ ತಾಣಗಳಲ್ಲಿ ವಾಹನ ನಿಲುಗಡೆಗೆ ಶುಲ್ಕ ಕಟ್ಟುವುದು ನಮಗೆ ರೂಢಿಯಾಗಿದೆ; ಅದರ ಒಂದು ಪಾಲನ್ನು ದಡದ ಕಾವಲಿಗೆ ಮೀಸಲಿಡುವುದು ದೊಡ್ಡ ಮಾತಲ್ಲ. ಪ್ರವಾಸೋದ್ಯಮ ಇಲಾಖೆ ಗೃಹರಕ್ಷಕರಿಗೆ ತರಬೇತಿ ಕೊಟ್ಟು ಪ್ರವಾಸಿಮಿತ್ರರೆಂದು ನೇಮಿಸಿಕೊಂಡ ಮಾದರಿ ಕಣ್ಣ ಮುಂದಿದೆ. ಅದೇ ಬಗೆಯಲ್ಲಿ ದಡದ ಊರುಗಳ ಅಂಬಿಗರಿಗೂ ಬೆಸ್ತರಿಗೂ ಸಮವಸ್ತ್ರ, ಗುರುತಿನ ಚೀಟಿ, ಗೊತ್ತಾದ ಸಂಬಳ ಕೊಡಬಹುದು. ಜಲಾಶಯದಿಂದ ನೀರು ಬಿಟ್ಟಿದ್ದಾರೆ ಎಂಬ ಸುದ್ದಿ ತಹಶೀಲ್ದಾರರ ಕಚೇರಿಗೆ ಹೇಗಿದ್ದರೂ ಬರುತ್ತದೆ; ಅದು ಗೈಡ್‌ನ ಫೋನಿಗೂ ತೆಪ್ಪದವನ ಫೋನಿಗೂ ಬರುವಂತೆ ಮಾಡಲು ಖರ್ಚೇನೂ ಇಲ್ಲ. ಗೈಡ್‌ಗಳ ತರಬೇತಿಯಲ್ಲಿ ಶಾಸನ, ಶಿಲ್ಪಗಳ ಜೊತೆಗೆ ಸೆಳವು, ಸುಳಿ, ಮಡುಗಳ ಪಾಠವೂ ಸೇರಲಿ; ಅದನ್ನು ಹೇಳಿಕೊಡಲು ದಡದವರನ್ನೇ ಕರೆಯಲಿ. ಗೈಡ್ ಆದವನು ಈಜುಗಾರನೂ ಆಗಬೇಕೆ ಎಂದು ಹುಬ್ಬೇರಿಸಬೇಕಿಲ್ಲ. ಅವನು ನೀರಿಗೆ ಹಾರಬೇಕಿಲ್ಲ, ಹಾರಬಾರದ ಜಾಗ ಯಾವುದೆಂದು ತಿಳಿದಿದ್ದರೆ ಸಾಕು.

ತಲಕಾಡಿನ ಐದು ಶಿವಲಿಂಗಗಳನ್ನು ಕಾಣುವ ಹಬ್ಬವಾದ ಪಂಚಲಿಂಗ ದರ್ಶನದ ವರ್ಷಗಳಲ್ಲಿ, ಅಂದರೆ 2009, 2013, 2020ರಂಥ ವರ್ಷಗಳಲ್ಲಿ, ತಲಕಾಡಿಗೆ ಗಮನ, ಹಣ, ಪೊಲೀಸು, ದೀಪ ಎಲ್ಲವೂ ಬರುತ್ತವೆ. ಆ ದರ್ಶನ ನಡೆಯುವ ಕಾರ್ತಿಕದ ಸೋಮವಾರಕ್ಕಾಗಿ ಹೊಳೆದಡ ಸಜ್ಜಾಗುತ್ತದೆ, ಹಬ್ಬ ಮುಗಿದ ಮೇಲೆ ಮತ್ತೆ ಬರಿದಾಗುತ್ತದೆ. ಜೀವ ಹೋಗುವುದು ಯಾವ ಯೋಗವೂ ಇಲ್ಲದ ಸಾಧಾರಣ ಭಾನುವಾರಗಳಲ್ಲಿ. ಆ ಭಾನುವಾರ ಮರಳಿನ ಮೆಟ್ಟಿಲ ಬಳಿ ನಿಂತ ಗೈಡ್ ತನ್ನ ಗುಂಪಿಗೆ ಹೇಳಬೇಕಾದದ್ದು ಬಹಳವೇನಲ್ಲ. ಹೊಳೆ ಇಲ್ಲಿ ತಿರುಗುತ್ತದೆ, ಅದಕ್ಕೇ ಈ ದಡದಲ್ಲಿ ಮರಳು, ಆ ದಡದಲ್ಲಿ ಮಡು. ನಾವು ಇಳಿಯುವುದು ಹಗ್ಗ ಕಟ್ಟಿದಲ್ಲಿ ಮಾತ್ರ. ಗಂಗರ ರಾಜಧಾನಿ ಹೂತ ಬಗೆಯೂ, ಅಲಮೇಲಮ್ಮನ ಕಥೆಯೂ, ಬಂದವರು ಸಂಜೆ ಮನೆ ಸೇರುವ ದಾರಿಯೂ ಆ ಒಂದೇ ಮಾತಿನಲ್ಲಿವೆ.